ಜೇಡಕ್ಕೆ ನನ್ನ ಔಷಧಿ

ಸೂಪರ್‌ವೈಸರ್ ಪ್ರಸನ್ನ ಕುಮಾರ್ ಇನ್ವರ್ಟರ್ ಪೆಟ್ಟಿಗೆಯ ಬಾಗಿಲು ತೆಗೆದರು. ಒಳಗೆ ಫ್ಯಾನಿನ ಜಾಲರಿಯಿಂದ ವೈರುಗಳವರೆಗೆ ಬಲೆ. ನಡುವೆ ಕುಳಿತಿದ್ದ ಡೊಳ್ಳುಹೊಟ್ಟೆಯ ಜೇಡ ಕದಲಲೂ ಇಲ್ಲ. ನನ್ನ ಔಷಧಿಯ ಮೇಲೆ ಅದಕ್ಕೆ ಅಷ್ಟು ಗೌರವ.

"ಏನಪ್ಪ ಭೀಮರಾಜು, ಒಂದೂ ಉಳಿಯಲ್ಲ ಅಂದಿದ್ದೆ?"

ಅಂದಿದ್ದೆ. ಏಪ್ರಿಲ್‌ನಲ್ಲಿ ಬೇವಿನೆಣ್ಣೆಗೆ ಹೊಗೆಸೊಪ್ಪಿನ ಕಷಾಯ ಬೆರೆಸಿ, ಬಲಸಮುದ್ರ ಊರಿನ ಪಕ್ಕದ ನಮ್ಮ ಸೋಲಾರ್ ಸೈಟಿನ ನಾಲ್ಕು ಸಾಲು ಪೆಟ್ಟಿಗೆಗಳಿಗೆ ನಾನೇ ಹೊಡೆದಿದ್ದೆ. ಹದಿನೈದೇ ದಿನದಲ್ಲಿ ಜೇಡ ಮಾಯ. ಸಾಹೇಬರು ಎಲ್ಲರೆದುರು ಬೆನ್ನು ತಟ್ಟಿದ್ದರು. ಐದನೇ ಸಾಲಿಗೆ ಬರುವಷ್ಟರಲ್ಲಿ ಕ್ಯಾನು ಖಾಲಿಯಾಗಿತ್ತು. ಅಲ್ಲೂ ಜೇಡ ಮಾಯವಾಗಿತ್ತು. ಔಷಧಿಯ ವಾಸನೆ ಗಾಳಿಯಲ್ಲಿ ಅಲ್ಲಿಯವರೆಗೂ ಹೋಗಿರಬೇಕು ಎಂದು ನೋಟ್‌ಬುಕ್ಕಿನಲ್ಲಿ ಬರೆದುಕೊಂಡೆ. ಸಂಜೆ ಕಾಲೇಜಿನಲ್ಲಿ ನಾನು ಕಲಿತ ವಿಜ್ಞಾನ ಇಷ್ಟು.

ಪಕ್ಕದಲ್ಲಿ ಪ್ಯಾನೆಲ್ ಒರೆಸುತ್ತಿದ್ದ ದಾಸಮ್ಮ ನನಗಷ್ಟೇ ಕೇಳುವಂತೆ ಅಂದಳು: "ಮಳೆ ಬಂತು, ಹುಳ ಹುಪ್ಪಟೆ ಎದ್ವು, ತಿನ್ನಾಕೆ ಜೇಡ ಬಂತು. ಬ್ಯಾಸ್ಗೇಲಿ ಆ ಕಾದ ಡಬ್ಬದಾಗೆ ಯಾವ ಜೇಡ ಕುಂತ್ಕಂತದೆ ಸಾಮಿ? ನಮ್ಮನೆ ಕೋಳಿಗೂ ಗೊತ್ತು."

ನನಗೂ ಗೊತ್ತಾಗಿತ್ತು. ಕೋಳಿಗಿಂತ ಸ್ವಲ್ಪ ತಡವಾಗಿ, ಅಷ್ಟೆ.

"ಖಾಯಂ ಮಾಡೋರ ಪಟ್ಟಿ ಇವತ್ತೇ ಕಳಿಸ್ಬೇಕು," ಸಾಹೇಬರು ಫೋನ್ ತೆಗೆದರು. "ನಿನ್ನ ಹೆಸರಿನ ಮುಂದೆ 'ಜೇಡದ ಔಷಧಿ ಕಂಡುಹಿಡಿದವನು' ಅಂತ ಬರ್ದಿದ್ದೀನಿ. ಇರ್ಲೋ, ತೆಗೀಲೋ? ಔಷಧಿ ಕೆಲ್ಸ ಮಾಡುತ್ತೋ ಇಲ್ವೋ?"

ಆರು ವರ್ಷದಿಂದ ಗುತ್ತಿಗೆಯಲ್ಲಿದ್ದೇನೆ. ನಿಜ ಹೇಳಿಬಿಡೋಣವೆಂದು ಬಾಯಿ ತೆರೆದೆ. ಹಿಂದಿನ ರಾತ್ರಿಯೇ ಅಭ್ಯಾಸ ಮಾಡಿದ್ದ ವಾಕ್ಯದ ಬದಲು ಬೇರೆಯೇ ಬಂತು.

"ಟೈಮ್ ನೋಡಿ ಹೊಡೀಬೇಕು ಸಾರ್. ಯುಗಾದಿ ಕಳ್ದು ಬಿಸಿಲು ಏರ್ಲಿ. ಆಗ ಹೊಡುದ್ರೆ ಒಂದೂ ಉಳಿಯಾಕಿಲ್ಲ."

ಅದರಲ್ಲಿ ಸುಳ್ಳು ಯಾವ ಪದದಲ್ಲಿದೆ ಎಂದು ಒಂದೊಂದನ್ನೇ ತಡಕಿ ನೋಡಿದೆ. ಸಿಗಲಿಲ್ಲ. ಹಾಗಿದ್ದೂ ಕಿವಿ ಬಿಸಿಯಾಗಿತ್ತು. ಸಾಹೇಬರು ತಲೆಯಾಡಿಸಿ, ಪಟ್ಟಿಯನ್ನು ಅಲ್ಲಿಂದಲೇ ಕಳಿಸಿ, ಜೀಪು ಹತ್ತಿ ಹೋದರು.

ದಾಸಮ್ಮ ಬಟ್ಟೆ ಹಿಂಡಿ ಕೊಡವಿದಳು.

"ಅಂಗೇ ನಮ್ಮ ಮಾವಿನ ಮರಕ್ಕೂ ಒಸಿ ಹೊಡಿ ಕಣ್ಲಾ ಬೀಮರಾಜ. ಆಗ ಹೊಡುದ್ರೆ ಕಾಯೆಲ್ಲ ಹಣ್ಣಾಯ್ತವೆ."