ನಗು ನಿಲ್ಲುವ ತನಕ

ಈ ಮುದುಕನ ನೆನಪು ಕೆಟ್ಟಿದೆ ಎಂದು ಹಲ್ಲು ಕಿಸಿಯುವವರೇ, ನಿನ್ನೆ ತಿಂದ ಪಲ್ಯ ಯಾವುದೆಂದು ಮೊದಲು ನೀವು ಹೇಳಿ! ಉದಗೀರಿನ ಆ ಸಭಾಗೃಹದಲ್ಲಿ ಯಾರು ಯಾವ ಕುರ್ಚಿಯಲ್ಲಿ ಕೂತಿದ್ದರೆಂಬುದೂ ನೆನಪಿದೆ. ಸುಮ್ಮನೆ ಕೇಳಿ.

ಟಿವಿಯವರ ನಗೆ ಕಾರ್ಯಕ್ರಮದ ಶೂಟಿಂಗ್ ನಡೆದಿತ್ತು. ನಿರೂಪಕ ಧನರಾಜ ವೇದಿಕೆಯಿಂದ ಸ್ವಂತ ಅತ್ತಿಗೆಯನ್ನು ಕರೆಯುವವನಂತೆ ಕೂಗಿದ: "ವಹಿನಿ, ಮ್ಯಾಲ ಬರ್ರಿ! ಗುರುಲಿಂಗನ ಅಸಲಿ ಹೆಂಡತಿನ್ನ ಮಂದಿ ನೋಡ್ಲಿ!"

ತುಳಜಾಬಾಯಿ ಸೆರಗು ಸೊಂಟಕ್ಕೆ ಸಿಕ್ಕಿಸಿ ಮೆಟ್ಟಿಲು ಹತ್ತಿದಳು. ಹನ್ನೊಂದು ವರ್ಷದಿಂದ ತುರೋರಿಯ ಗುರುಲಿಂಗ ಟಿವಿಯಲ್ಲಿ ಗುರುಲಿಂಗನಾಗಿಯೇ ಕುಣಿಯುತ್ತಿದ್ದ. ಹೆಸರು ಅವನದೇ, ಊರು ಅವನದೇ, ಅರ್ಧ ಕನ್ನಡ ಅರ್ಧ ಮರಾಠಿಯ ಮಾತೂ ಅವನದೇ. ಹೆಂಡತಿಗೆ ಹೆದರುವ ಪುಕ್ಕಲುತನ ಮಾತ್ರ ಕಟ್ಟಿದ್ದು. ಪ್ರತಿ ವಾರ "ನನ್ನ ಹೆಂಡತಿ ಒಂದೇಟೂ ಹೊಡೆದಿಲ್ಲ" ಎಂದು ಅವನು ನಡುಗುತ್ತ ಆಣೆ ಇಡಬೇಕು. ಹಿಂದಿನಿಂದ ಪುಣೆಯ ನಟಿಯೊಬ್ಬಳು ಲಟ್ಟಣಿಗೆಯಿಂದ ಬಾರಿಸಬೇಕು. ಜನ ಬಿದ್ದು ಬಿದ್ದು ನಗುತ್ತಿದ್ದರು. ಮನೆಗೆ ಸ್ಲ್ಯಾಬು ಹಾಕಿಸಿದ್ದು ಆ ನಗುವೇ, ನಿಜ. ಆದರೆ ಅದರ ಹಿಂದಿನ ವಾರ ನಿಲಂಗಾದಿಂದ ಮಗಳು ಯೋಗಿತಾಳನ್ನು ನೋಡಲು ಬಂದವರು, "ತಾಯಿ ಕೈ ಮಗಳಿಗೂ ಬಂದಿದ್ರ ನಮ್ಮ ಹುಡುಗನ ಗತಿ?" ಎಂದು ಚಹಾ ಮುಟ್ಟದೆ ಎದ್ದು ಹೋಗಿದ್ದರು.

ಧನರಾಜ ತುಳಜಾಬಾಯಿಯ ಕೈಗೊಂದು ಲಟ್ಟಣಿಗೆ ಕೊಟ್ಟ. "ಹೂಂ, ಒಂದ ಬಾರಸ್ರಿ!"

"ಇದೇನ್ರಿ ಇದು? ನಮ್ಮ ಮನ್ಯಾಗ ಇದ ಇಲ್ಲೇ ಇಲ್ಲ. ಜ್ವಾಳದ ರೊಟ್ಟಿ ತಿನ್ನೋ ಮಂದಿ ನಾವು, ಕೈಲೆ ತಟ್ಟತೀವಿ. ಹಬ್ಬಕ್ಕ ಚಪಾತಿ ಮಾಡಿದ್ರ ಬಾಜೂಮನಿ ಕಸ್ತೂರಬಾಯಿ ಬಲ್ಲಿ ಇಸ್ಕೊಂಡ ಬರತೀನಿ." ಅವಳು ವೇದಿಕೆಯ ಮೇಲೇ ನಿಂತಿದ್ದ ಗಂಡನ ಕಡೆ ತಿರುಗಿದಳು. "ನೀವೇ ಹೇಳ್ರಿ. ನಾ ನಿಮ್ಮ ಮ್ಯಾಲ ಎಂದರ ಕೈ ಎತ್ತೀನೇನು?"

ಧನರಾಜ ಅವನ ಕಿವಿಯಲ್ಲಿ ಉಸುರಿದ: "ಗುರ್‍ಯಾ, ಹುಷಾರ್. ಖರೇ ಹೇಳಿದ್ರ ನಾಳಿಂದ ನಿನ್ನ ಯಾರ ಕರೀತಾರೋ?"

ಗುರುಲಿಂಗ ಹೆಂಡತಿಯ ಮುಖ ನೋಡಿದ. ಮೈಕು ಹಿಡಿದ. "ಇಲ್ರಿ. ಈಕಿ ನನಗ ಒಂದ ದಿನಾನೂ ಹೊಡದಿಲ್ಲ. ನಾನೇ ಸುಳ್ಳ ಹೇಳೀನಿ."

ಸಭಾಗೃಹ ಹಾರಿಹೋಗುವಂತೆ ನಕ್ಕಿತು. ಅದೇ ಹಳೇ ಆಣೆ ತಾನೇ! ಸಿಳ್ಳೆ, ಚಪ್ಪಾಳೆ.

ಅವನು ಮೈಕು ಇಳಿಸಿದ. "ಕೇಳಿದೆಲ್ಲ? ನನ್ನ ಖರೇ ಮಾತಿಗೂ ನಗತಾರ. ನಡಿ, ಹೋಗೂಣು."

ತುಳಜಾಬಾಯಿ ನಿರೂಪಕನ ಕುರ್ಚಿ ಎಳೆದುಕೊಂಡು ಕೂತಳು. "ಮತ್ತ ಹೇಳ್ರಿ. ಮಂದಿ ನಗೋದು ಬಿಡೋತನಕ ಹೇಳ್ರಿ. ನಮ್ಮೂರ ಕಡಿ ಹೋಗೋ ಉಮರಗಾ ಬಸ್ ಸಂಜಿಗಿ ಅದ."

ಅವನು ಹೇಳಿದ. ನಕ್ಕರು. ಮತ್ತೆ ಹೇಳಿದ. ಐದನೆಯ ಸಲಕ್ಕೆ ಮುಂದಿನ ಸಾಲಿನ ಹೆಂಗಸರು ಸುಮ್ಮನಾದರು. ಒಂಬತ್ತನೆಯ ಸಲಕ್ಕೆ ಫ್ಯಾನಿನ ಸದ್ದೊಂದೇ ಕೇಳಿಸಿತು.

ಚಾನೆಲ್ಲಿನವರು ಅದರಲ್ಲಿ ಒಂದು ನಿಮಿಷವನ್ನೂ ತೋರಿಸಲಿಲ್ಲ. ಅದಕ್ಕೇ ಹೇಳುವುದು, ಆ ನಿಲಂಗಾದಲ್ಲಿ ನಿಮ್ಮ ಗುರುತಿನವರಿದ್ದರೆ ನಾನು ಹೇಳಿದ ಈ ಕತೆಯನ್ನು ಕಳಿಸಿ. ಅವರು ನಕ್ಕರೆ, ಮತ್ತೆ ಕಳಿಸಿ.