ರೆಂಜೆ ಮರದ ಕೊಂಬೆ

ದೀಪ್ತಿ ಕೊಂಬೆಗೆ ಕತ್ತಿ ಎತ್ತಿದ್ದೇ ತಡ, ಜಗಲಿಯಿಂದ ಅತ್ತೆ ಸೇವಂತಿಯ ಕೂಗು ಕೇಳಿತು.

"ಮುಟ್ಟಬೇಡ! ನಾಗಬನದ ಕೊಂಬೆ ಕಡಿತಾರಾ ಯಾರಾದ್ರೂ?"

ದೀಪ್ತಿ ತಿರುಗಿ ನೋಡಿದಳು. ಒಲೆಯ ಮೇಲಿನ ಅನ್ನ ಬೇಯುವುದರೊಳಗೆ ಈ ಕೆಲಸ ಮುಗಿಸಬೇಕೆಂದು ಬಂದಿದ್ದಳು. ರೆಂಜೆ ಮರದ ಬುಡದಲ್ಲಿ ಅವಳೂ ಮಗಳು ಪ್ರೀತಿಕಾಳೂ ತೋಡಿದ ಸಣ್ಣ ಹೊಂಡವಿತ್ತು. ಸುತ್ತ ಹೊಳೆಯ ಕಲ್ಲು, ಎಡೆಯಲ್ಲಿ ಜರಿಗಿಡ, ಆಮೆ ಹತ್ತಿ ಕೂರಲೆಂದು ನೀರಿನಲ್ಲಿ ಓರೆಯಾಗಿ ನಿಲ್ಲಿಸಿದ ಚಪ್ಪಟೆ ಕಲ್ಲು. ಆ ಕಲ್ಲಿಗೆ ಯಾರೋ ಅರಶಿನ ಮೆತ್ತಿ ಅಡಿಕೆಯ ಹಿಂಗಾರದ ಹೂ ಇಟ್ಟಿದ್ದರು. ಹಾಲು ಬಿದ್ದು ನೀರು ಬೆಳ್ಳಗಾಗಿತ್ತು.

"ನಾಗಬನ ಎಲ್ಲಿ ಉಂಟು ಅತ್ತೆ? ಇದು ಪ್ರೀತಿಕಾಳ ಆಮೆಗೆ ಮಾಡಿದ್ದು."

ಸಂಪಾಜೆಯ ಮಗಳ ಮನೆಯಿಂದ ಸೇವಂತಿ ಹಿಂದಿನ ಸಂಜೆಯಷ್ಟೇ ಮರಳಿದ್ದರು. ಮೆಟ್ಟಿಲಿಳಿದು ಬಂದು ಹೊಂಡವನ್ನು ಇಣುಕಿದರು.

"ಬಕೆಟಿನಲ್ಲಿ ಇತ್ತಲ್ಲ, ಅದಕ್ಕಾ? ಬೆಳಿಗ್ಗೆ ನಾನು ಅಷ್ಟೊತ್ತು ಕೈ ಮುಗಿದದ್ದು ಆಮೆಯ ಮನೆಗಾ ಮಾರಾಯ್ತಿ?"

ಪ್ರೀತಿಕಾ ನಗಲಿಲ್ಲ. ಪುತ್ತೂರಿನ ಅಂಗಡಿಯಿಂದ ತಂದ, ಕೆನ್ನೆಯಲ್ಲಿ ಕೆಂಪು ಪಟ್ಟಿಯ ಆಮೆ ಅವಳ ಅಂಗೈಯಲ್ಲಿತ್ತು. ಬೆನ್ನನ್ನು ಮೆಲ್ಲಗೆ ಒತ್ತಿ ತೋರಿಸಿದಳು. ಚಿಪ್ಪು ಹಣ್ಣಿನ ಸಿಪ್ಪೆಯಂತೆ ತಗ್ಗಿತು.

"ಮೆತ್ತಗಾಗಿದೆ ಅಜ್ಜಿ. ಒಳಗೇ ಇಟ್ಟು ಹೀಗಾದದ್ದಂತೆ. ಬಿಸಿಲು ಸಿಗದಿದ್ರೆ ಉಳಿಯುದಿಲ್ಲ ಅಂದ್ರು ಡಾಕ್ಟ್ರು. ಈ ಕೊಂಬೆ ಅಡ್ಡ ಉಂಟು."

"ಹಾಗಾದ್ರೆ ಬೇರೆ ಕಡೆ ತೋಡಿ."

"ಬೇರೆ ಎಲ್ಲಿ ಅತ್ತೆ? ಅಂಗಳ ಪೂರಾ ಇಂಟರ್‌ಲಾಕ್ ಕಲ್ಲು ಹಾಕಿ ಆಗಿದೆ," ಎಂದಳು ದೀಪ್ತಿ.

"ನನಗೆ ಅದೆಲ್ಲ ಗೊತ್ತಿಲ್ಲ. ನಾಗ ಅಂತ ಒಮ್ಮೆ ಕೈ ಮುಗಿದಾಯ್ತು. ಇನ್ನು ಕಡಿದ್ರೆ ದೋಷ ಬರುದು ಈ ಮಗುವಿಗೆ."

ದೀಪ್ತಿ ಕತ್ತಿಯನ್ನು ಕೆಳಗಿಟ್ಟಳು. ಸ್ವರ ಏರಿಸದೆ ಕೇಳಿದಳು: "ಆಲೆಟ್ಟಿಯ ನಮ್ಮ ಕುಟುಂಬದ ನಾಗಬನಕ್ಕೆ ಯಂತ್ರ ತಂದು ಮರ ಎಲ್ಲ ಬೇರು ಸಮೇತ ಕೀಳಿಸಿದ್ರಲ್ಲ ಅತ್ತೆ? ಗ್ರಾನೈಟಿನ ಕಟ್ಟೆ ಕಟ್ಟಿ ಸುತ್ತ ಟೈಲ್ಸ್ ಹಾಕಿದ್ರು. ಆಗ ಯಾರೂ ದೋಷ ಅನ್ಲಿಲ್ಲ."

ಸೇವಂತಿ ಒಳಗೆ ಹೋದರು. ಅನ್ನದ ಒಲೆ ಆರಿಸಿದ ಸದ್ದಾಯಿತು. ಬರುವಾಗ ಕೈಯಲ್ಲಿ ಬಾವಿಯ ಹಳೆಯ ಹಗ್ಗದ ತುಂಡಿತ್ತು.

"ಕಡಿಯುದು ಬೇಡ. ಎಳೆದು ಕಟ್ಟು."

ಇಬ್ಬರೂ ಸೇರಿ ಕೊಂಬೆಯನ್ನು ಬಗ್ಗಿಸಿ ಪಕ್ಕದ ತೆಂಗಿನ ಮರಕ್ಕೆ ಬಿಗಿದರು. ಬಿಸಿಲು ನೇರವಾಗಿ ಹೊಂಡಕ್ಕೆ ಬಿತ್ತು. ಪ್ರೀತಿಕಾ ಹಾಲಿನ ನೀರು ಮೊಗೆದು ಚೆಲ್ಲಿ, ಹೊಸ ನೀರು ತುಂಬಿ ಆಮೆಯನ್ನು ಬಿಟ್ಟಳು. ಅದು ಸ್ವಲ್ಪ ಹೊತ್ತು ಮುಳುಗಿದ್ದು, ಆಮೇಲೆ ಅರಶಿನದ ಕಲ್ಲನ್ನು ಹತ್ತಿ ಕತ್ತು ಚಾಚಿತು.

ಸೇವಂತಿ ನೋಡುತ್ತಾ ನಿಂತರು.

"ಆಲೆಟ್ಟಿಯಲ್ಲಿ ಟೈಲ್ಸ್ ಹಾಕಿದ ಮೇಲೆ ಒಂದು ಹಾವೂ ಕಾಣ್ಲಿಕ್ಕೆ ಸಿಗ್ಲಿಲ್ಲ," ಎಂದರು. "ಬೆಳಿಗ್ಗೆ ಇಲ್ಲಿ ನೀರು, ಜರಿ, ನೆರಳು ಎಲ್ಲ ಕಂಡಿತಲ್ಲ... ನಾಗ ಪಾಪ, ಇರ್ಲಿಕ್ಕೆ ಜಾಗ ಹುಡುಕಿಕೊಂಡು ಇಲ್ಲಿಗೆ ಬಂದಿದ್ದಾನೆ ಅಂತ ಗ್ರಹಿಸಿದೆ."