ಕಾಯಿ ಒಡೆದವರು

ಇಡೀ ಕುಂಬಳಕಾಯಿಗೆ ಮೊದಲ ಏಟು ಗಂಡಸಿನದೇ ಆಗಬೇಕು, ಹೆಂಗಸು ಒಡೆದರೆ ಮನೆಗೆ ಕೇಡು ಎಂಬುದು ಅತ್ತೆಯ ನಂಬಿಕೆ. ಆದರೂ ಅವರು ಊರಿಂದ ಬರುವ ದಿನ ಸೊಸೆ ತಾನೇ ಸಿಹಿಗುಂಬಳ ಒಡೆದಳು; ಅದರ ಹೊಟ್ಟೆಗೆ ಕೆನೆಯಂಥ ಚೀಸ್ ತುಂಬಿ ಓವನ್ನಿನಲ್ಲಿ ಬೇಯಿಸಿದಳು.

ಊಟಕ್ಕೆ ಕೂತ ಅತ್ತೆ ಒಂದು ಹೋಳು ಚಪ್ಪರಿಸಿದರು. "ಚೆನ್ನಾಗಿದೆ ಕಣೇ. ಕಾಯಿ ಯಾರು ಒಡೆದಿದ್ದು?"

"ಇವ್ರೇ ಅತ್ತೆ. ಬೆಳಿಗ್ಗೆ ಆಫೀಸಿಗೆ ಹೋಗೋ ಮುಂಚೆ ಒಡೆದುಕೊಟ್ರು." ಸೆರಗು ಸರಿಪಡಿಸುವ ನೆಪದಲ್ಲಿ ಅವಳ ಕೈ ಹೆಗಲಿಗೆ ಹೋಯಿತು.

"ಸಂಜೆ ಬೇಗ ಬರ್ತಾನಾ?"

"ತಡ ಆಗುತ್ತೆ." ಅವಳು ತಲೆ ಎತ್ತಲಿಲ್ಲ.

ಅತ್ತೆ ಇನ್ನೊಂದು ಹೋಳನ್ನು ತಾವೇ ಬಡಿಸಿಕೊಂಡರು.

"ಕುಂಬಳಕಾಯಿ ಕಳ್ಳ ಅಂದ್ರೆ ಹೆಗಲು ಮುಟ್ಟಿ ನೋಡ್ಕೋಬೇಕಾದವಳು ನೀನಲ್ಲ ಕಣೇ. ಹೋದ ತಿಂಗಳು ನಿನ್ನ ಬಿಟ್ಟು ಹೋದನಲ್ಲ ನನ್ನ ಮಗ, ಅವನು."